ಬೇಬಿ ಪೆಗ್ಗಿ ದುಡಿದ ದುಡ್ಡು ಎಲ್ಲಿ ಹೋಯ್ತು?

ಹೋದ ತಿಂಗಳು ಅಕ್ಕನ ಮನೆಗೆ ಹೋಗಿದ್ದೆ. ಅವಳ ಮೂರು ವರ್ಷದ ಮಗಳು ಒಂದೇ ಸ್ಟೆಪ್ಪನ್ನು ಆರನೇ ಸಲ ಕುಣಿಯುತ್ತಿದ್ದಳು. ಅಕ್ಕ ಮೊಬೈಲ್ ಹಿಡಿದು, 'ಇನ್ನೊಂದೇ ಸಲ ಪುಟ್ಟಿ, ಇಲ್ಲಿ ನೋಡು' ಅಂತಿದ್ದಳು. ಆ ರೀಲ್ಸ್‌ಗೆ ಬಟ್ಟೆ ಅಂಗಡಿಯವರು ದುಡ್ಡೂ ಕೊಡ್ತಾರಂತೆ. ನನಗೆ ತಟ್ಟನೆ ನೆನಪಾಗಿದ್ದು ನೂರು ವರ್ಷದ ಹಿಂದಿನ ಬೇಬಿ ಪೆಗ್ಗಿ.

ಅವಳ ನಿಜ ಹೆಸರು ಪೆಗ್ಗಿ ಜೀನ್ ಮಾಂಟ್ಗೊಮರಿ. 1918ರಲ್ಲಿ ಅಮೆರಿಕದ ಸ್ಯಾನ್ ಡಿಯಾಗೋದಲ್ಲಿ ಹುಟ್ಟಿದವಳು. ಅಪ್ಪ ಹಾಲಿವುಡ್‌ನಲ್ಲಿ ಕುದುರೆ ಸವಾರಿಯ ಸ್ಟಂಟ್ ಮಾಡುತ್ತಿದ್ದರು. ಇನ್ನೂ ಎರಡು ವರ್ಷ ತುಂಬದ ಮಗಳು ಅಪ್ಪ ಹೇಳಿದ್ದನ್ನೆಲ್ಲ ಚಾಚೂ ತಪ್ಪದೆ ಮಾಡುವುದನ್ನು ಸೆಂಚುರಿ ಸ್ಟುಡಿಯೋದ ನಿರ್ದೇಶಕರೊಬ್ಬರು ನೋಡಿದರು. ಅಷ್ಟೇ ಸಾಕಾಯ್ತು. ನಾಯಿಯೊಂದರ ಜೊತೆ ನಟಿಸಿದ ಕಿರುಚಿತ್ರ ಹಿಟ್ ಆಯಿತು. 1921ರಿಂದ 1924ರೊಳಗೆ ಸುಮಾರು 150 ಮೂಕಿ ಕಿರುಚಿತ್ರಗಳು! ಆಮೇಲೆ 'ಕ್ಯಾಪ್ಟನ್ ಜನವರಿ'ಯಂಥ ಪೂರ್ಣ ಪ್ರಮಾಣದ ಸಿನಿಮಾಗಳು. ಅವಳ ಮುಖದ ಗೊಂಬೆಗಳು ಅಂಗಡಿಗೆ ಬಂದವು. ವರ್ಷಕ್ಕೆ 15 ಲಕ್ಷ ಡಾಲರ್ ಒಪ್ಪಂದದ ಸ್ಟಾರ್ ಅವಳು.

ತೆರೆಯ ಮೇಲೆ ನಗು, ಸೆಟ್ಟಿನಲ್ಲಿ ಬೇರೆಯೇ ಕಥೆ. ವಾರಕ್ಕೆ ಆರು ದಿನ, ದಿನಕ್ಕೆ ಎಂಟು ಗಂಟೆ ಕೆಲಸ. ಶಾಲೆಯ ಮಾತೇ ಇಲ್ಲ. ಒಂದು ಸಿನಿಮಾದಲ್ಲಿ ಉರಿಯುವ ಕೋಣೆಯಿಂದ ಆ ಪುಟ್ಟ ಮಗುವೇ ಒಬ್ಬಳೇ ತಪ್ಪಿಸಿಕೊಂಡು ಬರಬೇಕಾಯಿತು.

1925ರಲ್ಲಿ ಸಂಬಳದ ವಿಚಾರಕ್ಕೆ ಅಪ್ಪ ನಿರ್ಮಾಪಕರ ಜೊತೆ ಜಗಳವಾಡಿದರು. ಅಲ್ಲಿಗೆ ಅವಳ ಸಿನಿಮಾ ಬದುಕು ಹೆಚ್ಚುಕಡಿಮೆ ಮುಗಿಯಿತು. ಆಗ ಅವಳಿಗೆ ಏಳು ವರ್ಷವೂ ಆಗಿರಲಿಲ್ಲ! ಮುಂದೆ ಊರೂರು ಸುತ್ತಿ ರಂಗದ ಮೇಲೆ ಕುಣಿದಳು. ದಿನಕ್ಕೆ 300 ಡಾಲರ್ ಬರುತ್ತಿತ್ತು. ಅವಳ ಕೈಗೆ ಸಿಗುತ್ತಿದ್ದದ್ದು ಒಂದು ಪ್ರದರ್ಶನಕ್ಕೆ ಐದು ಸೆಂಟ್. ಉಳಿದದ್ದು ಕಾರು, ಬಂಗಲೆ, ಬಟ್ಟೆ ಅಂತ ಕರಗಿಹೋಯಿತು. ಅವಳಿಗಾಗಿ ಯಾರೂ ಒಂದು ಪೈಸೆ ಎತ್ತಿಟ್ಟಿರಲಿಲ್ಲ. ಹದಿಹರೆಯದಲ್ಲಿ ಅದೇ ಹಾಲಿವುಡ್‌ಗೆ ವಾಪಸ್ ಬಂದು ಗುಂಪಿನಲ್ಲಿ ನಿಲ್ಲುವ ಎಕ್ಸ್‌ಟ್ರಾ ಆದಳು.

ಇದು ಅವಳೊಬ್ಬಳ ಪಾಡಲ್ಲ. ಚಾಪ್ಲಿನ್ನರ 'ದಿ ಕಿಡ್' ಸಿನಿಮಾದ ಹುಡುಗ ಜಾಕಿ ಕೂಗನ್ ನೆನಪಿದ್ದಾನಲ್ಲ? ಲಕ್ಷಾಂತರ ಡಾಲರ್ ದುಡಿದಿದ್ದ ಅವನು ದೊಡ್ಡವನಾದ ಮೇಲೆ ತನ್ನ ದುಡ್ಡಿಗಾಗಿ 1938ರಲ್ಲಿ ತಾಯಿ, ಮಲತಂದೆಯ ಮೇಲೆ ಕೇಸು ಹಾಕಬೇಕಾಯಿತು. ಸಿಕ್ಕಿದ್ದು ಸುಮಾರು 1,26,000 ಡಾಲರ್. ಆದರೆ ಆ ಗಲಾಟೆಯಿಂದಲೇ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬಾಲನಟರ ಗಳಿಕೆ ಕಾಯುವ 'ಕೂಗನ್ ಕಾಯ್ದೆ' ಬಂತು. ಪೆಗ್ಗಿಗೆ ಅದು ತಡವಾಗಿತ್ತು.

ಅವರು ಸುಮ್ಮನೆ ಕೂರಲಿಲ್ಲ. ಡಯಾನಾ ಸೆರ್ರಾ ಕ್ಯಾರಿ ಎಂಬ ಹೊಸ ಹೆಸರಿನಲ್ಲಿ ಲೇಖಕಿಯಾದರು. ಹಾಲಿವುಡ್‌ನ ಮಕ್ಕಳ ಬಗ್ಗೆ, ಕೂಗನ್ ಬಗ್ಗೆ, ತಮ್ಮ ಬಗ್ಗೆಯೂ ಪುಸ್ತಕ ಬರೆದರು. ಬಾಲನಟರ ಹಕ್ಕುಗಳ ಪರ ಮಾತಾಡಿದರು. 2020ರ ಫೆಬ್ರವರಿಯಲ್ಲಿ, 101ನೇ ವಯಸ್ಸಿನಲ್ಲಿ ತೀರಿಕೊಂಡರು. ಅವರ ಹೆಚ್ಚಿನ ಸಿನಿಮಾಗಳು ಇವತ್ತು ಉಳಿದಿಲ್ಲ. ಬರೆದದ್ದು ಉಳಿದಿದೆ.

ನಮ್ಮಲ್ಲೂ 2017ರ ಬಾಲಕಾರ್ಮಿಕ ನಿಯಮಗಳ ಪ್ರಕಾರ ಬಾಲಕಲಾವಿದರು ದಿನಕ್ಕೆ 5 ಗಂಟೆಗಿಂತ ಹೆಚ್ಚು ಕೆಲಸ ಮಾಡುವಂತಿಲ್ಲ. ಗಳಿಕೆಯ ಕನಿಷ್ಠ ಶೇ 20ರಷ್ಟನ್ನು ಮಗುವಿನ ಹೆಸರಲ್ಲಿ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಎಫ್‌ಡಿ ಇಡಬೇಕು. ಸಿನಿಮಾ ಸೆಟ್ ಆದರೆ ಕೇಳುವವರು ಯಾರಾದರೂ ಇರುತ್ತಾರೆ. ನಮ್ಮ ಮನೆಯ ಹಾಲ್‌ನಲ್ಲಿ ಕೇಳುವವರು ಯಾರು?

ಊಟಕ್ಕೆ ಕೂತಾಗ ಅಕ್ಕನಿಗೆ ಈ ಕಥೆ ಹೇಳಿ, 'ಪುಟ್ಟಿ ಹೆಸರಲ್ಲಿ ಅಕೌಂಟ್ ಇದೆಯಾ?' ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದಳು. 'ಇಲ್ಲ ಕಣೋ, ಮಾಡಿಸ್ತೀನಿ' ಅಂದಳು. ಅವತ್ತು ಏಳನೇ ಟೇಕ್ ಆಗಲಿಲ್ಲ. ಪುಟ್ಟಿ ಆಗಲೇ ಸೋಫಾ ಮೇಲೆ ನಿದ್ದೆಹೋಗಿದ್ದಳು.