ಕಾಂಡೋರ್ಸೆಯ ಶಿಕ್ಷಣ ವಿಚಾರ

ಹದಿನೆಂಟನೆಯ ಶತಮಾನದ ಫ್ರೆಂಚ್ ತತ್ತ್ವಜ್ಞರಲ್ಲಿ ವಾಲ್ಟೇರ್, ರೂಸೋ ಇವರ ಹೆಸರನ್ನು ಕೇಳದ ಉಪಾಧ್ಯಾಯರು ವಿರಳ. ಅವರ ತರುವಾಯ ಬಂದ ಕಾಂಡೋರ್ಸೆಯನ್ನು (1743–1794) ನಾವು ಅಷ್ಟಾಗಿ ನೆನೆಯುವುದಿಲ್ಲ. ರೂಸೋ ತನ್ನ 'ಎಮಿಲ್' (1762) ಗ್ರಂಥದಲ್ಲಿ ಒಬ್ಬ ಬಾಲಕನಿಗೆ ಒಬ್ಬ ಗುರುವನ್ನು ಕೊಟ್ಟನು. ಗಣಿತಜ್ಞನಾದ ಕಾಂಡೋರ್ಸೆ ಇಡೀ ದೇಶದ ಮಕ್ಕಳನ್ನು ಲೆಕ್ಕಕ್ಕೆ ತೆಗೆದುಕೊಂಡನು.

ಮಹಾಕ್ರಾಂತಿಯ ಕಾಲದಲ್ಲಿ, 1792ರ ಏಪ್ರಿಲ್ 20 ಮತ್ತು 21ರಂದು, ಆತನು ಶಾಸನಸಭೆಯ ಮುಂದೆ ಸಾರ್ವಜನಿಕ ಶಿಕ್ಷಣದ ವರದಿಯನ್ನು ಓದಿದನು. 400 ಜನರಿರುವ ಪ್ರತಿ ಊರಿಗೂ ಒಂದು ಶಾಲೆ, ಒಬ್ಬ ಉಪಾಧ್ಯಾಯ. 4,000 ಜನರ ಪಟ್ಟಣಕ್ಕೆ ಮಾಧ್ಯಮಿಕ ಶಾಲೆ. ಅದರ ಮೇಲೆ 110 ವಿದ್ಯಾಲಯಗಳು, 9 ಮಹಾವಿದ್ಯಾಲಯಗಳು. ಎಲ್ಲಿಯೂ ಶುಲ್ಕವಿಲ್ಲ. ಹಳ್ಳಿಯ ಉಪಾಧ್ಯಾಯನು ಪ್ರತಿ ಭಾನುವಾರ ಊರಿನ ದೊಡ್ಡವರಿಗೂ ಉಪನ್ಯಾಸ ಕೊಡಬೇಕೆಂದಿತ್ತು. ಇದ್ದೊಂದು ರಜೆಯೂ ಹೋಯಿತಲ್ಲ ಎಂದು ನಮ್ಮವರು ಗೊಣಗಿಯಾರು! ಹೆಂಗಸರಿಗೂ ಗಂಡಸರಿಗೂ ಒಂದೇ ಬಗೆಯ ವಿದ್ಯೆ ಸಲ್ಲಬೇಕೆಂದು ಆತನು 1791ರಲ್ಲಿಯೇ ವಾದಿಸಿದ್ದನು.

ಆದರೆ ವರದಿಯ ಜೀವಾಳ ಈ ಅಂಕಿಗಳಲ್ಲಿಲ್ಲ. ರಾಜ್ಯವು ತಿಳಿವಳಿಕೆಯನ್ನು ಕೊಡಬಹುದು, ಇಂಥದನ್ನೇ ನಂಬು ಎಂದು ಹೇಳಲಾಗದು ಎಂಬುದು ಆತನ ನಿಲುವು. ಮತದ ಬೋಧೆ ದೇವಾಲಯಗಳಲ್ಲಿ ನಡೆಯಲಿ, ಶಾಲೆಯಲ್ಲಿ ಬೇಡ. ಅಷ್ಟೇ ಅಲ್ಲ, ತಾನು ಮನಸಾರೆ ಒಪ್ಪಿದ್ದ ಮಾನವ ಹಕ್ಕುಗಳ ಘೋಷಣೆಯನ್ನೂ ರಾಜ್ಯಾಂಗವನ್ನೂ ಸಹ ಆಕಾಶದಿಂದಿಳಿದ ಶಾಸನದಂತೆ ಮಕ್ಕಳಿಂದ ಪೂಜೆ ಮಾಡಿಸಬಾರದೆಂದನು. ಅವು ಹೀಗಿವೆ ಎಂದು ತಿಳಿಸಬೇಕು; ಅವುಗಳ ಗುಣದೋಷವನ್ನು ಅಳೆಯುವ ಶಕ್ತಿ ಬರಿಸಬೇಕು. ಆದುದರಿಂದಲೇ ಶಾಲೆಗಳು ಅಧಿಕಾರಿಗಳ ಕೈಗೆ ಸಿಕ್ಕದೆ ಪ್ರಜಾಪ್ರತಿನಿಧಿಗಳ ಸಭೆಯೊಂದಕ್ಕೆ ಮಾತ್ರ ಅಧೀನವಾಗಿರಬೇಕೆಂದು ಬಯಸಿದನು. ಆ ಸಭೆಯೇ ದಾರಿ ತಪ್ಪಿದರೆ? ಈ ತೊಡಕು ಪೂರ್ತಿ ಬಿಡಿಸಿತೆಂದು ನಮಗೆ ತೋರುವುದಿಲ್ಲ.

ವರದಿ ಓದಿದ ದಿನವೇ ಫ್ರಾನ್ಸು ಯುದ್ಧ ಸಾರಿತು. ಯೋಜನೆ ಮೂಲೆಗೆ ಬಿದ್ದಿತು. 1793ರ ಜುಲೈ 13ರಂದು ರೋಬೆಸ್ಪಿಯರ್ ಸಭೆಯ ಮುಂದಿಟ್ಟ ಇನ್ನೊಂದು ಯೋಜನೆಯಂತೆ, ಗಂಡುಮಕ್ಕಳನ್ನು ಐದರಿಂದ ಹನ್ನೆರಡನೆಯ ವಯಸ್ಸಿನವರೆಗೆ ತಾಯ್ತಂದೆಗಳಿಂದ ಬಿಡಿಸಿ ರಾಜ್ಯದ ನಿಲಯಗಳಲ್ಲಿ ಬೆಳೆಸಬೇಕಾಗಿತ್ತು. ಇದಕ್ಕೆ ಕೆಲವೇ ದಿನ ಮೊದಲು, ಹೊಸ ರಾಜ್ಯಾಂಗವನ್ನು ಟೀಕಿಸಿದನೆಂಬ ಕಾರಣದಿಂದ, ಕಾಂಡೋರ್ಸೆಯನ್ನು ಸೆರೆಹಿಡಿಯಲು ಆಜ್ಞೆ ಹೊರಟಿತ್ತು. ಪ್ಯಾರಿಸಿನ ಒಂದು ಮನೆಯಲ್ಲಿ ಅಡಗಿದ್ದುಕೊಂಡೇ ಆತನು ಮಾನವ ಮನಸ್ಸಿನ ಪ್ರಗತಿಯನ್ನು ಕುರಿತ ಗ್ರಂಥವನ್ನು ಬರೆದನು. 1794ರ ಮಾರ್ಚ್ ಕೊನೆಯಲ್ಲಿ ಸೆರೆಮನೆಯಲ್ಲಿ ಸತ್ತುದು ಕಂಡುಬಂದಿತು.

ಗಡಿನಾಡಿನ ನಮಗೆ ಅದರ ಮುಂದಿನದೂ ಲಕ್ಷ್ಯಕ್ಕೆ ಬರುತ್ತದೆ. ಎರಡು ತಿಂಗಳ ತರುವಾಯ, ಜೂನ್ 4ರಂದು, ಗ್ರೆಗ್ವಾರ್ ಎಂಬವನು ಪ್ರಾಂತದ ನುಡಿಗಳನ್ನು ಅಳಿಸಿ ಫ್ರೆಂಚನ್ನೇ ಎಲ್ಲೆಡೆ ನಡೆಯಿಸಬೇಕೆಂಬ ವರದಿಯನ್ನು ಅದೇ ದೇಶದ ಮಹಾಸಭೆಗೆ ಒಪ್ಪಿಸಿದನು. ಕಾಂಡೋರ್ಸೆ ಕೇಳಿದ್ದ ಶುಲ್ಕವಿಲ್ಲದ ಪ್ರಾಥಮಿಕ ಶಾಲೆ ಫ್ರಾನ್ಸಿಗೆ ದಕ್ಕಿದ್ದು 1881ರಲ್ಲಿ. ಮತಬೋಧೆ ಅಲ್ಲಿನ ಸರ್ಕಾರಿ ಶಾಲೆಗಳಿಂದ ಹೊರಟದ್ದು 1882ರಲ್ಲಿ.