ನೋಂದಣಿ ರದ್ದತಿ: ಸಂಶಯವೇ ಸಾಕ್ಷ್ಯವಲ್ಲ

ಸರಕು ಮತ್ತು ಸೇವಾ ತೆರಿಗೆ ವ್ಯವಸ್ಥೆ 2017ರ ಜುಲೈ 1ರಂದು ಜಾರಿಗೆ ಬಂದ ಮೇಲೆ, ಆ ಕಾಯಿದೆಯ ನೋಂದಣಿಯು ವ್ಯಾಪಾರದ ಪರವಾನಗಿಗೆ ಸಮನಾದ ಮಹತ್ವವನ್ನು ಪಡೆದಿದೆ. ನೋಂದಣಿ ರದ್ದಾದ ವರ್ತಕನು ತೆರಿಗೆ ಬಿಲ್ಲು ನೀಡುವಂತಿಲ್ಲ. ಬಿಲ್ಲಿಲ್ಲದಿದ್ದರೆ ಖರೀದಿದಾರನಿಗೆ ಇನ್‌ಪುಟ್ ತೆರಿಗೆ ಜಮೆ ದೊರೆಯದು. ಜಮೆ ದೊರೆಯದ ಕಡೆ ಸಗಟು ಗಿರಾಕಿಯೂ ನಿಲ್ಲನು. ಹೀಗಾಗಿ ಒಂದು ಆದೇಶದಿಂದ ಹಲವು ವರ್ಷಗಳ ವ್ಯವಹಾರವೇ ಸ್ಥಗಿತಗೊಳ್ಳಬಹುದು.

ಈ ಅಧಿಕಾರ ಇಲಾಖೆಗೆ ಅಗತ್ಯವೆಂಬುದರಲ್ಲಿ ಸಂದೇಹವಿಲ್ಲ. ಅಸ್ತಿತ್ವದಲ್ಲಿಲ್ಲದ ವಿಳಾಸಗಳಲ್ಲಿ ನೋಂದಣಿ ಪಡೆದು, ಸರಕಿಲ್ಲದೆ ಬರಿಯ ಬಿಲ್ಲು ಮಾರುವವರಿಂದ ಪ್ರಾಮಾಣಿಕ ವರ್ತಕನಿಗೂ ನಷ್ಟವೇ. ಇಂತಹವರ ಪತ್ತೆಗಾಗಿ 2023 ಮತ್ತು 2024ರಲ್ಲಿ ದೇಶಾದ್ಯಂತ ವಿಶೇಷ ಕಾರ್ಯಾಚರಣೆಗಳು ನಡೆದವು. ಆದರೆ ಅಧಿಕಾರ ಎಷ್ಟು ದೊಡ್ಡದೋ ಅದನ್ನು ಚಲಾಯಿಸುವ ಕ್ರಮವೂ ಅಷ್ಟೇ ಶಿಸ್ತಿನದಾಗಿರಬೇಕು.

ಕಾಯಿದೆಯ 29ನೇ ಕಲಮು ರದ್ದತಿಯ ಕಾರಣಗಳನ್ನು ಹೇಳುತ್ತದೆ. ನಿಗದಿತ ಅವಧಿಯವರೆಗೆ ರಿಟರ್ನ್ ಸಲ್ಲಿಸದಿರುವುದು, ವಂಚನೆಯಿಂದ ಅಥವಾ ಸತ್ಯಾಂಶ ಮರೆಮಾಚಿ ನೋಂದಣಿ ಪಡೆದಿರುವುದು ಅವುಗಳಲ್ಲಿ ಮುಖ್ಯವಾದವು. ಅದೇ ಕಲಮು, ಅಹವಾಲು ಹೇಳಿಕೊಳ್ಳುವ ಅವಕಾಶ ಕೊಡದೆ ನೋಂದಣಿಯನ್ನು ರದ್ದುಪಡಿಸಕೂಡದೆಂದೂ ವಿಧಿಸಿದೆ. ನಿಯಮ 22ರಂತೆ ಅಧಿಕಾರಿಯು ರೆಗ್-17 ನಮೂನೆಯಲ್ಲಿ ಕಾರಣ ಕೇಳುವ ನೋಟೀಸು ನೀಡಬೇಕು. ಏಳು ಕೆಲಸದ ದಿನಗಳೊಳಗೆ ವರ್ತಕನು ರೆಗ್-18ರಲ್ಲಿ ಉತ್ತರಿಸಬೇಕು. ಉತ್ತರವು ಸಮರ್ಪಕವೆನಿಸಿದರೆ ಅಧಿಕಾರಿಯು ಕ್ರಮವನ್ನು ಕೈಬಿಡಬೇಕು.

ಪ್ರಶ್ನೆ ಇರುವುದು ನೋಟೀಸಿನ ತಿರುಳಿನಲ್ಲಿ. ‘ವಂಚನೆಯಿಂದ ಪಡೆದ ನೋಂದಣಿ’ ಎಂಬ ಒಂದೇ ಸಾಲಿನ ನೋಟೀಸಿಗೆ ಯಾವ ವರ್ತಕನಾದರೂ ಏನೆಂದು ಉತ್ತರಿಸಬಲ್ಲನು? ಯಾವ ವ್ಯವಹಾರ, ಯಾವ ದಿನಾಂಕ, ಯಾವ ವರದಿ ಎಂಬುದು ಅದರಲ್ಲಿರಬೇಡವೇ? ಅಸ್ಪಷ್ಟ ನೋಟೀಸು ಹಾಗೂ ಕಾರಣರಹಿತ ಆದೇಶಗಳನ್ನು ಗುಜರಾತ್ ಹೈಕೋರ್ಟ್ 2022ರಲ್ಲಿ ರದ್ದುಪಡಿಸಿದ್ದು ಈ ತರ್ಕದ ಮೇಲೆಯೇ.

ಸಾಕ್ಷ್ಯದ ವಿಷಯದಲ್ಲಿ ಸರ್ವೋಚ್ಚ ನ್ಯಾಯಾಲಯದ ನಿಲುವು ಹಳೆಯದು. ಢಾಕೇಶ್ವರಿ ಕಾಟನ್ ಮಿಲ್ಸ್ ಪ್ರಕರಣದಲ್ಲಿ (1954) ತೆರಿಗೆ ನಿರ್ಧರಣೆಗೆ ಬರಿಯ ಸಂಶಯಕ್ಕಿಂತ ಹೆಚ್ಚಿನದೇನಾದರೂ ಇರಬೇಕೆಂದು ಅದು ಹೇಳಿತು. ಕೇರಳದ ಮಾರಾಟ ತೆರಿಗೆ ಪ್ರಕರಣವೊಂದರಲ್ಲಿ (1977) ಬೇರೆ ವರ್ತಕರ ಲೆಕ್ಕಪುಸ್ತಕಗಳನ್ನು ಆಧಾರವಾಗಿ ಬಳಸಿದಾಗ, ಅವರನ್ನು ಪಾಟೀಸವಾಲು ಮಾಡುವ ಅವಕಾಶವನ್ನು ತೆರಿಗೆದಾರನಿಗೆ ನೀಡಬೇಕೆಂದು ತೀರ್ಮಾನಿಸಿತು. ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ ತೀರ್ಪಾದರೋ, ಆದೇಶವು ಅದರಲ್ಲೇ ಬರೆದ ಕಾರಣಗಳ ಮೇಲೆ ನಿಲ್ಲಬೇಕು, ಅನಂತರ ಪ್ರಮಾಣಪತ್ರದ ಮೂಲಕ ಹೊಸ ಕಾರಣ ಸೇರಿಸಲಾಗದು ಎಂದು ಸ್ಪಷ್ಟಪಡಿಸಿತು. ಇವು ನೋಂದಣಿ ರದ್ದತಿಯ ಪ್ರಕರಣಗಳಲ್ಲವಾದರೂ ಇವುಗಳ ತತ್ತ್ವ ಇಲ್ಲಿಗೂ ಅನ್ವಯಿಸುವಂತಹದು.

ಹಿಂದಿನ ದಿನಾಂಕದಿಂದ ಮಾಡುವ ರದ್ದತಿಯು ಇನ್ನೂ ಗಂಭೀರವಾದುದು. ಕಾನೂನು ಇದಕ್ಕೆ ಅವಕಾಶವಿತ್ತಿದೆ. ಆದರೆ ಅದರಿಂದ ಆ ಅವಧಿಯಲ್ಲಿ ಸರಕು ಕೊಂಡ ಮೂರನೆಯವರ ತೆರಿಗೆ ಜಮೆಯೂ ಪ್ರಶ್ನೆಗೊಳಗಾಗುತ್ತದೆ. ಆದ್ದರಿಂದಲೇ ಇದನ್ನು ಯಾಂತ್ರಿಕವಾಗಿ ಮಾಡಕೂಡದು, ನಿರ್ದಿಷ್ಟ ಕಾರಣಗಳ ಆಧಾರವಿರಬೇಕು ಎಂದು ದೆಹಲಿ ಹೈಕೋರ್ಟ್ ಹಲವು ತೀರ್ಪುಗಳಲ್ಲಿ ಹೇಳಿದೆ.

ವರ್ತಕರ ಹೊಣೆಯೂ ಕಡಿಮೆಯಿಲ್ಲ. ಪೋರ್ಟಲ್ಲಿನಲ್ಲಿ ಬಂದ ನೋಟೀಸನ್ನು ನೋಡದೆ ಬಿಟ್ಟವನಿಗೆ ಸಹಜ ನ್ಯಾಯದ ತತ್ತ್ವವೊಂದೇ ರಕ್ಷೆಯಾಗದು. ಉತ್ತರದಲ್ಲಿ ಮೊದಲು ಆಧಾರ ದಾಖಲೆಗಳ ಪ್ರತಿ ಕೇಳಬೇಕು. ಬಳಿಕ ಬಾಡಿಗೆ ಕರಾರು, ವಿದ್ಯುತ್ ಬಿಲ್ಲು, ಸಾಗಣೆ ದಾಖಲೆ, ದಾಸ್ತಾನು ಲೆಕ್ಕ ಮತ್ತು ಬ್ಯಾಂಕ್ ಪಾವತಿಯ ವಿವರಗಳನ್ನು ಜೋಡಿಸಬೇಕು. ರಿಟರ್ನ್ ಬಾಕಿಯೇ ಕಾರಣವಾಗಿದ್ದರೆ ತೆರಿಗೆ, ಬಡ್ಡಿ ಮತ್ತು ವಿಳಂಬ ಶುಲ್ಕ ಸಹಿತ ಅದನ್ನು ಸಲ್ಲಿಸುವುದೇ ಸರಿಯಾದ ಮಾರ್ಗ. ರದ್ದತಿಯ ಆದೇಶ ಬಂದ ಮೇಲೆ ನೋಂದಣಿಯ ಮರುಸ್ಥಾಪನೆಗೆ 90 ದಿನ, ಮೇಲ್ಮನವಿಗೆ ಮೂರು ತಿಂಗಳ ಕಾಲಾವಕಾಶವಿದೆ.

ಇಲಾಖೆಯು ಸಾಕ್ಷ್ಯ ತೋರಿಸಿ ರದ್ದುಪಡಿಸಲಿ, ವರ್ತಕನು ದಾಖಲೆ ತೋರಿಸಿ ಉತ್ತರಿಸಲಿ. ಆಗ ನಕಲಿ ಬಿಲ್ಲಿನವನು ಉಳಿಯುವುದಿಲ್ಲ, ಪ್ರಾಮಾಣಿಕನು ಅಳಿಯುವುದಿಲ್ಲ.