ಸದಿಶವೂ ಸಮಾಂತರ ಚತುರ್ಭುಜವೂ

ಕನ್ನಡ ಪಂಡಿತನು ಗಣಿತವನ್ನು ಕುರಿತು ಬರೆಯುವುದು ಅಧಿಕಪ್ರಸಂಗವೆಂದು ವಾಚಕ ಮಹಾಶಯರಿಗೆ ತೋರಬಹುದು. ಬರೆಯಲು ಕಾರಣವುಂಟು. ಕನ್ನಡದಲ್ಲಿಯೇ ಹತ್ತನೆಯ ತರಗತಿಯವರೆಗೆ ಓದಿ ಗಣಿತದಲ್ಲಿ ಮುಂದಿದ್ದ ಒಕ್ಕಲು ಮನೆತನದ ಬಾಲಕನೊಬ್ಬನು ಪದವಿಪೂರ್ವ ವಿಜ್ಞಾನ ತರಗತಿಗೆ ಸೇರಿ ಎರಡೇ ತಿಂಗಳಲ್ಲಿ ಬಿಟ್ಟು ಬಂದನು. ವಿಚಾರಿಸಲಾಗಿ, ಅವನನ್ನು ಎಡವಿಸಿದುದು ಗಣಿತವಲ್ಲ, 'ವೆಕ್ಟರ್' ಎಂಬ ಶಬ್ದವೆಂದು ತಿಳಿಯಿತು.

ಶಾಸ್ತ್ರವನ್ನು ಕನ್ನಡದಲ್ಲಿ ಹೇಳುವುದು ನಮ್ಮ ನಾಡಿಗೆ ಹೊಸದಲ್ಲ. 9ನೆಯ ಶತಮಾನದಲ್ಲಿ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯನು ಸಂಸ್ಕೃತದಲ್ಲಿ 'ಗಣಿತಸಾರಸಂಗ್ರಹ'ವನ್ನು ರಚಿಸಿದನು. 12ನೆಯ ಶತಮಾನದ ರಾಜಾದಿತ್ಯನಾದರೋ 'ವ್ಯವಹಾರಗಣಿತ', 'ಕ್ಷೇತ್ರಗಣಿತ' ಮೊದಲಾದವನ್ನು ಕನ್ನಡದಲ್ಲಿಯೇ ಬರೆದನು.

ಮೊದಲು ಪದವನ್ನು ಬಿಡಿಸೋಣ. ದಿಶೆಯಿಂದ ಕೂಡಿದುದು ಸದಿಶ, ದಿಶೆಯಿಲ್ಲದುದು ಅದಿಶ. 'ಐದು ಸೇರು ಜೋಳ' ಎಂಬಲ್ಲಿ ಪರಿಮಾಣವಷ್ಟೇ ಇದೆ; ಅದು ಅದಿಶ. 'ಸವಣೂರಿನಿಂದ ಮೂಡಣಕ್ಕೆ ಎರಡು ಹರದಾರಿ' ಎಂಬಲ್ಲಿ ಪರಿಮಾಣವೂ ದಿಶೆಯೂ ಇವೆ, ಅದು ಸದಿಶ. ಸಮಾಸವನ್ನು ಬಿಡಿಸಿದೊಡನೆ ಲಕ್ಷಣವೇ ದೊರೆಯಿತು.

ಇನ್ನು ಸಂಕಲನ. ಜಾತ್ರೆಯ ತೇರಿಗೆ ಕಟ್ಟಿದ ಎರಡು ಹಗ್ಗಗಳನ್ನು ಜನರು ಓರೆಯಾಗಿ ಬೇರೆ ಬೇರೆ ದಿಕ್ಕಿಗೆ ಎಳೆದರೆ ತೇರು ಅವೆರಡರ ನಡುವಣ ದಾರಿಯನ್ನು ಹಿಡಿಯುತ್ತದೆ. ಆ ಬಲಗಳನ್ನು ಅಕ್ಕಪಕ್ಕದ ಭುಜಗಳಾಗಿ ಬರೆದು ಸಮಾಂತರ ಚತುರ್ಭುಜವನ್ನು ಪೂರ್ಣಗೊಳಿಸಿದರೆ, ಅದೇ ಮೂಲೆಯಿಂದ ಹೊರಟ ಕರ್ಣವೇ ಅವುಗಳ ಮೊತ್ತ. 3 ಮತ್ತು 4 ಪರಿಮಾಣದ ಬಲಗಳು ಪರಸ್ಪರ ಲಂಬವಾಗಿದ್ದರೆ ಫಲಿತವು 7 ಅಲ್ಲ, 5.

ಈ ಒಂದು ನಿಯಮದಿಂದ ರೇಖಾಗಣಿತದ ಪ್ರಮೇಯಗಳು ಎಷ್ಟು ಸುಲಭವಾಗುತ್ತವೆಂಬುದನ್ನು ನೋಡಿರಿ. ಕಖಗಘ ಎಂಬ ಸಮಾಂತರ ಚತುರ್ಭುಜದಲ್ಲಿ ಕಖ ಭುಜವು ಪ, ಕಘ ಭುಜವು ಮ ಎಂಬ ಸದಿಶಗಳಾಗಿರಲಿ. ಕಗ ಕರ್ಣವು ಪ + ಮ. ಕ ಬಿಂದುವಿನಿಂದ ಅದರ ಮಧ್ಯಬಿಂದುವಿಗೆ (ಪ + ಮ)/2. ಖಘ ಕರ್ಣವು ಮ − ಪ; ಕ ಬಿಂದುವಿನಿಂದ ಅದರ ಮಧ್ಯಬಿಂದುವಿಗೆ ಪ + (ಮ − ಪ)/2, ಅಂದರೆ (ಪ + ಮ)/2. ಎರಡೂ ಒಂದೇ ಬಿಂದು. ಆದುದರಿಂದ ಕರ್ಣಗಳು ಪರಸ್ಪರ ಅರ್ಧಿಸುತ್ತವೆ. ತ್ರಿಭುಜಗಳ ಸರ್ವಸಮತೆಯ ಅಗತ್ಯವೇ ಬೀಳಲಿಲ್ಲ.

ನಮ್ಮ ಸೀಮೆಯ ಎರೆಹೊಲಗಳಲ್ಲಿ ನಾಲ್ಕು ಬದುಗಳೂ ಅಳತೆಗೆ ಸರಿಯಾಗಿರುವುದು ಅಪರೂಪ. ಅಂತಹ ಸೊಟ್ಟ ಹೊಲವೊಂದರ ನಾಲ್ಕು ಬದುಗಳ ನಡುವೆ ಗೂಟ ನೆಟ್ಟು ಅನುಕ್ರಮವಾಗಿ ಹಗ್ಗ ಹಿಡಿದರೆ ಸಮಾಂತರ ಚತುರ್ಭುಜವೇ ಉಂಟಾಗುತ್ತದೆ! ಹೊಲದ ಬಾವಿಯನ್ನು ಮೂಲಬಿಂದುವೆಂದು ತಿಳಿದು, ಅಲ್ಲಿಂದ ಮೂಲೆಗಳಿಗೆ ಎಳೆದ ಸದಿಶಗಳನ್ನು ಕ, ಖ, ಗ, ಘ ಎನ್ನೋಣ. ಮೊದಲೆರಡು ಗೂಟಗಳು (ಕ + ಖ)/2, (ಖ + ಗ)/2. ಅವುಗಳ ಅಂತರ (ಗ − ಕ)/2. ಎದುರಿನ ಗೂಟಗಳು (ಘ + ಕ)/2, (ಗ + ಘ)/2. ಅಂತರ ಮತ್ತೆ (ಗ − ಕ)/2. ಎದುರುಬದುರಿನ ಎರಡು ಭುಜಗಳು ಸಮವೂ ಸಮಾಂತರವೂ ಆದುವು, ಪ್ರಮೇಯವು ಸಿದ್ಧಿಸಿತು. ಫ್ರಾನ್ಸಿನ ವರಿನ್ಯೋನನ ಈ ಪ್ರಮೇಯವು ಅವನ ಮರಣಾನಂತರ 1731ರಲ್ಲಿ ಪ್ರಕಟವಾಯಿತು.

ತೇರಿನ ಹಗ್ಗವನ್ನೂ ಹೊಲದ ಬದುವನ್ನೂ ಬಲ್ಲ ಬಾಲಕನು ಸದಿಶವನ್ನು ಅರಿಯಲಾರನೆಂದರೆ ಅದು ಅವನ ಕೊರತೆಯಲ್ಲ, ಕಲಿಸುವ ನಮ್ಮದು. ಅರ್ಥವನ್ನು ಕನ್ನಡದಲ್ಲಿ ಮನಗಾಣಿಸಿ, ಆಮೇಲೆ ಇಂಗ್ಲಿಷಿನ ಸಂಜ್ಞೆಯನ್ನು ಅವನ ಕೈಗೆ ಕೊಡೋಣ. ಶ್ರೀಮಠದ ಅನ್ನದಾಸೋಹದಂತೆ ಜ್ಞಾನದಾಸೋಹದಲ್ಲಿಯೂ ಯಾರೊಬ್ಬರೂ ಹಸಿದು ಏಳದಿರಲಿ.